ಬಿಸಿಲು ಇಂದು, ದದ್ದು ಮುಂದಿನ ವಾರ: ಟ್ಯೂಮಿಡಸ್ ಲೂಪಸ್ ಇರುವವರಿಗೆ ಮಾರ್ಗದರ್ಶಿ

ಕೊರಳ ಕೆಳಗೆ, ಅಂಗಿಯ ಮೇಲಿನ ಗುಂಡಿ ಬಿಚ್ಚಿದಾಗ ಕಾಣುವ ಜಾಗದಲ್ಲಿ, ಒಂದು ಬೆಳಿಗ್ಗೆ ನಾಣ್ಯದಗಲದ ಕೆಂಪು ಉಬ್ಬು ಎದ್ದಿರುತ್ತದೆ. ಹಿಂದಿನ ಎರಡು ದಿನ ಮನೆಯಿಂದ ಹೊರಗೆ ಕಾಲಿಟ್ಟಿರುವುದಿಲ್ಲ. ಹಾಗಾಗಿ ಅನುಮಾನ ಸೋಪಿನ ಮೇಲೆ ಹೋಗುತ್ತದೆ, ಹೊಸ ಬಟ್ಟೆಯ ಮೇಲೆ ಹೋಗುತ್ತದೆ, ಸೊಳ್ಳೆಯ ಮೇಲೂ ಹೋಗುತ್ತದೆ. ಹತ್ತು ದಿನದ ಹಿಂದೆ ಬಯಲಿನಲ್ಲಿ ಕಳೆದ ಒಂದು ಮಧ್ಯಾಹ್ನ ಮಾತ್ರ ಯಾರಿಗೂ ನೆನಪಾಗುವುದಿಲ್ಲ. ಟ್ಯೂಮಿಡಸ್ ಲೂಪಸ್ ಎಂಬ ಚರ್ಮದ ಕಾಯಿಲೆ ವರ್ಷಗಟ್ಟಲೆ ತಲೆಮರೆಸಿಕೊಂಡಿರುವುದು ಈ ಅಂತರದ ಮರೆಯಲ್ಲೇ.

ನನಗೂ ಹಾಗೇ ಆಯಿತು. ಮೊದಲ ಉಬ್ಬಿಗೆ ಹುಳುಕಡ್ಡಿಯ ಮುಲಾಮು ಹಚ್ಚಿದೆ. ಅದು ಕೇಳಲಿಲ್ಲ. ಆಮೇಲೆ ಪಿತ್ತಗಂಧೆಯ ಮಾತ್ರೆ ನುಂಗಿದೆ. ಅದೂ ಕೇಳಲಿಲ್ಲ. ಆರು ವಾರದ ಮೇಲೆ ಉಬ್ಬು ತಾನಾಗಿಯೇ ಇಳಿದು, ಕಲೆಯನ್ನೂ ಉಳಿಸದೆ ಹೋದಾಗ, ಕೊನೆಯಲ್ಲಿ ನುಂಗಿದ ಮಾತ್ರೆಗೆ ಕೈಮುಗಿದೆ. ಮುಂದಿನ ಬೇಸಿಗೆಯಲ್ಲಿ ಮೂರು ಉಬ್ಬುಗಳು ಎದ್ದವು. ಆಗ ಯಾರಾದರೂ ಹೇಳಬೇಕಿತ್ತು ಎಂದು ಈಗ ಅನ್ನಿಸುವ ಸಂಗತಿಗಳನ್ನು ಇಲ್ಲಿ ಕ್ರಮವಾಗಿ ಬರೆಯುತ್ತಿದ್ದೇನೆ. ರೋಗವನ್ನು ಗುರುತಿಸಿ ಔಷಧಿ ಬರೆಯುವ ಕೆಲಸ ವೈದ್ಯರದು. ಅವರ ಮುಂದೆ ಕೂರುವ ಮೊದಲು ಮತ್ತು ಅಲ್ಲಿಂದ ಎದ್ದು ಬಂದ ಮೇಲೆ ಮಾಡುವ ಕೆಲಸವೆಲ್ಲ ನಮ್ಮದು.

ಕಾಯಿಲೆ ಯಾವುದು

ಪೂರ್ತಿ ಹೆಸರು ಲೂಪಸ್ ಎರಿಥೆಮಟೋಸಸ್ ಟ್ಯೂಮಿಡಸ್. ಲೂಪಸ್ ಎಂದರೆ ರೋಗನಿರೋಧಕ ವ್ಯವಸ್ಥೆ ನಮ್ಮ ದೇಹದ ಮೇಲೆಯೇ ತಿರುಗಿ ಬೀಳುವ ಕಾಯಿಲೆ; ಅದರಲ್ಲಿ ಹಲವು ಬಗೆ. ಲ್ಯಾಟಿನ್ ಭಾಷೆಯಲ್ಲಿ ಟ್ಯೂಮಿಡಸ್ ಎಂದರೆ ಊದಿಕೊಂಡದ್ದು. ಜರ್ಮನಿಯ ಚರ್ಮವೈದ್ಯ ಎರಿಕ್ ಹಾಫ್‌ಮನ್ 1909ರಲ್ಲೇ ಇದನ್ನು ವಿವರಿಸಿದ್ದರು. ಆದರೂ ದಶಕಗಳ ಕಾಲ ಹೆಚ್ಚಿನವರು ಇದನ್ನು ಪ್ರತ್ಯೇಕ ಕಾಯಿಲೆಯೆಂದು ಗಣಿಸಲಿಲ್ಲ. 2000ದಲ್ಲಿ ಜರ್ಮನಿಯ ಆನೆಗ್ರೆಟ್ ಕೂನ್ ಮತ್ತು ಸಂಗಡಿಗರು 40 ರೋಗಿಗಳ ಅಧ್ಯಯನವನ್ನು ಪ್ರಕಟಿಸಿದ ಮೇಲೆ ಅದು ಮತ್ತೆ ವೈದ್ಯರ ಗಮನಕ್ಕೆ ಬಂತು. ಆ ಅಧ್ಯಯನದಲ್ಲಿ ಚರ್ಮದ ಮೇಲೆ ಕೃತಕವಾಗಿ ಅತಿನೇರಳೆ ಬೆಳಕು ಬಿಟ್ಟು ನೋಡಿದಾಗ ಸುಮಾರು ಶೇ. 70 ಮಂದಿಯಲ್ಲಿ ಅದೇ ಉಬ್ಬು ಎದ್ದಿತು. ಲೂಪಸ್‌ನ ಬಗೆಗಳಲ್ಲಿ ಬಿಸಿಲಿಗೆ ಅತ್ಯಂತ ಸುಲಭವಾಗಿ ಕೆರಳುವ ಸಾಲಿಗೆ ಇದು ಸೇರುತ್ತದೆ.

ಒಳಗೆ ನಡೆಯುವುದು ಇಷ್ಟು. ಅತಿನೇರಳೆ ಕಿರಣ ತಾಗಿದಾಗ ಚರ್ಮದ ಕೆಲವು ಜೀವಕೋಶಗಳು ಸಾಯುತ್ತವೆ. ಎಲ್ಲರಲ್ಲೂ ಸಾಯುತ್ತವೆ, ದೇಹ ಸದ್ದಿಲ್ಲದೆ ಗುಡಿಸಿ ಹಾಕುತ್ತದೆ. ಲೂಪಸ್ ಇರುವವರಲ್ಲಿ ಆ ಅವಶೇಷವನ್ನು ಕಂಡು ರೋಗನಿರೋಧಕ ವ್ಯವಸ್ಥೆ ಎಚ್ಚರಗೊಳ್ಳುತ್ತದೆ, ಇಂಟರ್‌ಫೆರಾನ್ ಎಂಬ ರಾಸಾಯನಿಕದ ಕರೆ ಹೊರಡುತ್ತದೆ, ಬಿಳಿ ರಕ್ತಕಣಗಳು ರಕ್ತನಾಳಗಳ ಸುತ್ತ ಬಂದು ಜಮಾಯಿಸುತ್ತವೆ. ಇವೆಲ್ಲ ಒಂದಾದ ಮೇಲೆ ಒಂದು ನಡೆಯಬೇಕು. ಬಿಸಿಲಿಗೂ ಉಬ್ಬಿಗೂ ನಡುವೆ ದಿನಗಳು, ಕೆಲವೊಮ್ಮೆ ವಾರಗಳು ಕಳೆಯುವುದು ಅದಕ್ಕೇ. ಟ್ಯೂಮಿಡಸ್‌ನಲ್ಲಿ ಇದರ ಜೊತೆಗೆ ಮ್ಯೂಸಿನ್ ಎಂಬ ಲೋಳೆಯಂಥ ವಸ್ತು ಚರ್ಮದಲ್ಲಿ ಶೇಖರವಾಗಿ ನೀರನ್ನು ಹಿಡಿದಿಟ್ಟುಕೊಳ್ಳುತ್ತದೆ. ಉಬ್ಬು ಅಷ್ಟು ದಪ್ಪಗೆ, ರಸ ತುಂಬಿದಂತೆ ಕಾಣುವುದಕ್ಕೆ ಇದೇ ಕಾರಣ.

ಹೆಜ್ಜೆ 1: ಬೆರಳಿನಿಂದ ಮುಟ್ಟಿ ನೋಡಿ

ಕಣ್ಣಿಗಿಂತ ಬೆರಳು ಇಲ್ಲಿ ಹೆಚ್ಚು ನಂಬಿಕಸ್ಥ. ಕಣ್ಣು ಮುಚ್ಚಿ ಉಬ್ಬಿನ ಮೇಲೆ ಬೆರಳು ಸವರಿ. ಟ್ಯೂಮಿಡಸ್ ಆಗಿದ್ದರೆ ಮೇಲ್ಮೈ ನುಣ್ಣಗಿರುತ್ತದೆ. ಹೊಟ್ಟು ಉದುರುವುದಿಲ್ಲ, ಹೊಪ್ಪಳೆ ಇರುವುದಿಲ್ಲ. ಅಂಚು ಬೆರಳಿಗೆ ಸ್ಪಷ್ಟವಾಗಿ ಸಿಗುತ್ತದೆ. ಕೆಲವು ಉಬ್ಬುಗಳ ನಡುಭಾಗ ಇಳಿದು ಬಳೆಯ ಆಕಾರ ಬರುತ್ತದೆ. ತುರಿಕೆ ಇರಬಹುದು, ಇಲ್ಲದೆಯೂ ಇರಬಹುದು. ಬಿಳಿ ಚರ್ಮದಲ್ಲಿ ಬಣ್ಣ ಕೆಂಪು ಅಥವಾ ನಸುನೇರಳೆ. ಕಪ್ಪು ಅಥವಾ ಕಂದು ಚರ್ಮದಲ್ಲಿ ಕೆಂಪು ಎದ್ದು ಕಾಣುವುದಿಲ್ಲ. ಕಡು ನೇರಳೆ, ಇಲ್ಲವೇ ಸುತ್ತಲಿನ ಚರ್ಮಕ್ಕಿಂತ ತುಸು ಗಾಢ ಬಣ್ಣವಷ್ಟೇ ಕಾಣಬಹುದು. ವೈದ್ಯಕೀಯ ಪುಸ್ತಕಗಳ ಬಹುಪಾಲು ಚಿತ್ರಗಳು ಬಿಳಿ ಚರ್ಮದವು. ನಿಮ್ಮ ಉಬ್ಬು ಅದರಂತೆ ಕಾಣುತ್ತಿಲ್ಲವೆಂದು ಈ ಸಾಧ್ಯತೆಯನ್ನು ಪಕ್ಕಕ್ಕಿಡಬೇಡಿ.

ಜಾಗವೂ ಮಾತನಾಡುತ್ತದೆ. ಕೆನ್ನೆ, ಎದೆಯ ಮೇಲ್ಭಾಗ, ಬೆನ್ನಿನ ಮೇಲ್ಭಾಗ, ತೋಳಿನ ಹೊರಮೈಯಲ್ಲಿ ಉಬ್ಬುಗಳು ಹೆಚ್ಚು. ಗಲ್ಲದ ಕೆಳಗಿನ ನೆರಳಿನ ಭಾಗ, ಕಿವಿಯ ಹಿಂಭಾಗ ಸಾಮಾನ್ಯವಾಗಿ ಪಾರಾಗಿರುತ್ತವೆ. ಕನ್ನಡಿಯ ಮುಂದೆ ನಿಂತು ಈ ಗಡಿಯನ್ನು ಹುಡುಕಿ.

ಮನೆಯಲ್ಲೇ ಮಾಡಬಹುದಾದ ಒಂದು ಪರೀಕ್ಷೆ ಇದೆ. ಪೆನ್ನಿನಿಂದ ಉಬ್ಬಿನ ಸುತ್ತ ಗೆರೆ ಎಳೆಯಿರಿ. ಪಿತ್ತಗಂಧೆಯ ಒಂದೊಂದು ಗಾದರಿ ಸಾಮಾನ್ಯವಾಗಿ 24 ಗಂಟೆಯೊಳಗೆ ಆ ಜಾಗದಿಂದ ಮಾಯವಾಗುತ್ತದೆ. ಮೂರನೆಯ ದಿನವೂ ಉಬ್ಬು ಗೆರೆಯೊಳಗೇ ಕೂತಿದ್ದರೆ ಅದು ಮಾಮೂಲಿ ಪಿತ್ತಗಂಧೆಯಾಗಿರುವ ಸಾಧ್ಯತೆ ಕಡಿಮೆ. ಹುಳುಕಡ್ಡಿಯ ಅಂಚಿನಲ್ಲಿ ಹೊಟ್ಟು ಇರುತ್ತದೆ. ಬಿಸಿಲಿನ ಸಾಮಾನ್ಯ ಅಲರ್ಜಿ ಕೆಲವು ಗಂಟೆಗಳಲ್ಲಿ ಅಥವಾ ಮಾರನೆಯ ದಿನವೇ ಎದ್ದು, ಬಿಸಿಲು ತಪ್ಪಿಸಿದರೆ ಒಂದೆರಡು ವಾರದೊಳಗೆ ಇಳಿಯುತ್ತದೆ. ಟ್ಯೂಮಿಡಸ್ ನಿಧಾನವಾಗಿ ಬರುತ್ತದೆ, ವಾರಗಟ್ಟಲೆ ನಿಲ್ಲುತ್ತದೆ. ಲೂಪಸ್‌ನ ಇನ್ನೊಂದು ಬಗೆಯಾದ ಡಿಸ್ಕಾಯ್ಡ್ ಗಾಯದ ಕಲೆ ಬಿಟ್ಟು ಹೋಗುತ್ತದೆ. ಟ್ಯೂಮಿಡಸ್ ಹೋದಾಗ ಚರ್ಮ ಮೊದಲಿನಂತೆಯೇ ಇರುತ್ತದೆ. ಈ ಕಾಯಿಲೆಯಲ್ಲಿ ನನಗೆ ಸಿಕ್ಕ ಅತಿ ದೊಡ್ಡ ಸಮಾಧಾನ ಅದು.

ಹೆಜ್ಜೆ 2: ದಿನಚರಿ ಬರೆಯಿರಿ

ಒಂದೇ ಒಂದು ಹೆಜ್ಜೆ ಇಡಲು ಮನಸ್ಸಿದ್ದರೆ ಇದನ್ನೇ ಇಡಿ.

ಒಂದು ಚಿಕ್ಕ ಪುಸ್ತಕದಲ್ಲಿ ದಿನಕ್ಕೆ ಒಂದು ಸಾಲು ಸಾಕು. ತಾರೀಖು, ಹೊರಗೆ ಎಷ್ಟು ಹೊತ್ತು ಇದ್ದಿರಿ, ಎಷ್ಟು ಗಂಟೆಗೆ, ಯಾವ ಬಟ್ಟೆ ತೊಟ್ಟಿದ್ದಿರಿ, ಸನ್‌ಸ್ಕ್ರೀನ್ ಹಚ್ಚಿದ್ದಿರಾ. ಹೊಸ ಉಬ್ಬು ಕಂಡ ದಿನ ಅದರ ಜಾಗ ಬರೆದು, ಹಿಂದಿನ ಮೂರು ವಾರದ ಸಾಲುಗಳನ್ನು ಓದಿ. ನಿನ್ನೆ ಏನು ಮಾಡಿದೆ ಎಂಬ ಪ್ರಶ್ನೆ ಇಲ್ಲಿ ದಾರಿ ತಪ್ಪಿಸುತ್ತದೆ. ಹತ್ತು ದಿನದ ಹಿಂದೆ ಏನಾಗಿತ್ತು ಎಂದು ಕೇಳಿಕೊಳ್ಳಬೇಕು, ಆ ಉತ್ತರ ನೆನಪಿನಲ್ಲಿ ಉಳಿದಿರುವುದಿಲ್ಲ. ಪುಸ್ತಕದಲ್ಲಿ ಮಾತ್ರ ಇರುತ್ತದೆ.

ನನ್ನ ಪುಸ್ತಕದಲ್ಲಿ ಎರಡು ತಿಂಗಳ ಮೇಲೆ ಒಂದು ವಿಚಿತ್ರ ಕಂಡಿತು. ಉಬ್ಬುಗಳೆಲ್ಲ ಬಲ ಕೆನ್ನೆ, ಬಲ ತೋಳಿನಲ್ಲೇ ಹೆಚ್ಚು. ಹೊರಗೆ ಓಡಾಡಿದ ದಿನಗಳಿಗೂ ಅವಕ್ಕೂ ತಾಳೆಯೇ ಇರಲಿಲ್ಲ. ಕೊನೆಗೆ ಗೊತ್ತಾಯಿತು: ನನ್ನ ಮೇಜಿನ ಬಲಕ್ಕೆ ದೊಡ್ಡ ಗಾಜಿನ ಕಿಟಕಿ. ಬೆಳಗಿನ ಬಿಸಿಲು ಅದರಿಂದ ಎರಡು ಗಂಟೆ ನನ್ನ ಮೇಲೆ ಬೀಳುತ್ತಿತ್ತು.

ಉಬ್ಬಿನ ಚಿತ್ರವನ್ನೂ ಮೊಬೈಲ್‌ನಲ್ಲಿ ತೆಗೆದಿಡಿ. ದಿನಾ ಒಂದೇ ಜಾಗ, ಒಂದೇ ಬೆಳಕು. ಪಕ್ಕದಲ್ಲಿ ಅಳತೆಪಟ್ಟಿ ಇಟ್ಟರೆ ಉತ್ತಮ. ಫ್ಲ್ಯಾಶ್ ಹಾಕಬೇಡಿ, ಅದು ಉಬ್ಬನ್ನು ಚಪ್ಪಟೆಯಾಗಿಸುತ್ತದೆ. ಕಿಟಕಿಯ ಓರೆ ಬೆಳಕಿನಲ್ಲಿ ತೆಗೆದರೆ ಅಂಚಿನ ನೆರಳು ಬಿದ್ದು ಎತ್ತರ ತಿಳಿಯುತ್ತದೆ. ವೈದ್ಯರ ಭೇಟಿಯ ದಿನ ಸಿಗುವ ಹೊತ್ತಿಗೆ ಉಬ್ಬು ಇಳಿದುಹೋಗಿರುವುದು ತೀರಾ ಸಾಮಾನ್ಯ. ಆಗ ಈ ಚಿತ್ರಗಳೇ ಸಾಕ್ಷಿ.

ಹೆಜ್ಜೆ 3: ಚರ್ಮರೋಗ ತಜ್ಞರ ಬಳಿ

ಉಬ್ಬು ಹಸಿಯಾಗಿರುವಾಗಲೇ ಹೋಗಲು ಪ್ರಯತ್ನಿಸಿ. ನಾಲ್ಕಾರು ದಿನ ಮುಂಚಿನಿಂದ ಸ್ಟೀರಾಯ್ಡ್ ಮುಲಾಮು ಹಚ್ಚಿಕೊಂಡು ಹೋದರೆ ಚಿತ್ರಣ ಮಸುಕಾಗುತ್ತದೆ. ಈಗಾಗಲೇ ಬರೆದುಕೊಟ್ಟ ಮುಲಾಮು ಇದ್ದರೆ ನಿಲ್ಲಿಸಬೇಕೇ ಎಂದು ಫೋನಿನಲ್ಲಿ ಕೇಳಿಕೊಳ್ಳಿ.

ಬಯಾಪ್ಸಿ ಮಾಡಬೇಕೆಂದರೆ ಹೆದರಬೇಡಿ. ಜಾಗ ಮರಗಟ್ಟಿಸಿ, ಕೆಲವೇ ಮಿಲಿಮೀಟರ್ ಅಗಲದ ಚರ್ಮದ ಚೂರನ್ನು ತೆಗೆಯುತ್ತಾರೆ, ಒಂದೆರಡು ಹೊಲಿಗೆ ಬೀಳುತ್ತದೆ. ಸೂಕ್ಷ್ಮದರ್ಶಕದಡಿ ರಕ್ತನಾಳಗಳ ಮತ್ತು ಕೂದಲ ಬುಡದ ಸುತ್ತ ಗುಂಪುಗೂಡಿದ ಲಿಂಫೋಸೈಟ್ ಎಂಬ ಬಿಳಿ ರಕ್ತಕಣಗಳು, ಎಳೆಗಳ ನಡುವೆ ಮ್ಯೂಸಿನ್ ಕಾಣುತ್ತವೆ. ಮೇಲ್ಪದರ ಹೆಚ್ಚುಕಡಿಮೆ ಸುಸ್ಥಿತಿಯಲ್ಲಿರುತ್ತದೆ. ಮ್ಯೂಸಿನ್ ಕಾಣಲು ಬೇರೆಯೇ ಬಣ್ಣ ಹಾಕಬೇಕಾಗಬಹುದು. ವರದಿಯಲ್ಲಿ ಅದರ ಮಾತೇ ಇಲ್ಲದಿದ್ದರೆ ನೋಡಿದ್ದಾರೆಯೇ ಎಂದು ಕೇಳುವ ಹಕ್ಕು ನಿಮಗಿದೆ.

ರಕ್ತಪರೀಕ್ಷೆಯ ವಿಷಯದಲ್ಲಿ ಅನೇಕರು ಎಡವುತ್ತಾರೆ. ಲೂಪಸ್ ಎಂದೊಡನೆ, ದೇಹದ ಮೇಲೆಯೇ ತಿರುಗಿದ ಪ್ರತಿಕಾಯಗಳನ್ನು ರಕ್ತದಲ್ಲಿ ಹುಡುಕುವ ಎಎನ್‌ಎ ಪರೀಕ್ಷೆ ನೆನಪಾಗುತ್ತದೆ. ಟ್ಯೂಮಿಡಸ್ ಇರುವ ಹೆಚ್ಚಿನವರಲ್ಲಿ ಅದು ನೆಗೆಟಿವ್ ಬರುತ್ತದೆ. ಚರ್ಮದ ಚೂರಿನಲ್ಲಿ ಪ್ರತಿಕಾಯಗಳನ್ನು ಹೊಳೆಯುವಂತೆ ಮಾಡಿ ಹುಡುಕುವ ಇಮ್ಯುನೋಫ್ಲೋರೆಸೆನ್ಸ್ ಪರೀಕ್ಷೆ ಕೂಡ ಬಹಳ ಸಲ ಏನೂ ತೋರಿಸುವುದಿಲ್ಲ. ರಕ್ತ ಚೆನ್ನಾಗಿದೆ, ಹಾಗಾಗಿ ಲೂಪಸ್ ಅಲ್ಲ ಎಂಬ ತೀರ್ಮಾನ ಈ ಬಗೆಗೆ ಹೊಂದುವುದಿಲ್ಲ. ಆದರೂ ರಕ್ತ, ಮೂತ್ರದ ಪರೀಕ್ಷೆಗಳನ್ನು ಮಾಡಿಸಲೇಬೇಕು. ಕಾಯಿಲೆ ಚರ್ಮವನ್ನು ದಾಟಿಲ್ಲವೆಂದು ಖಚಿತಪಡಿಸಿಕೊಳ್ಳಲು ಅವು ಬೇಕು.

ನುಂಗುತ್ತಿರುವ ಔಷಧಿಗಳ ಪಟ್ಟಿಯನ್ನೂ ಒಯ್ಯಿರಿ. ರಕ್ತದೊತ್ತಡಕ್ಕೆ ಕೊಡುವ ಹೈಡ್ರೋಕ್ಲೋರೋಥಯಾಜೈಡ್, ಸೋಂಕಿಗೆ ಕೊಡುವ ಡಾಕ್ಸಿಸೈಕ್ಲಿನ್, ಹುಳುಕಡ್ಡಿಗೆ ಕೊಡುವ ಟರ್ಬಿನಾಫಿನ್ ಮುಂತಾದವು ಬಿಸಿಲಿಗೆ ಚರ್ಮವನ್ನು ಸೂಕ್ಷ್ಮಗೊಳಿಸಬಲ್ಲವು ಅಥವಾ ಚರ್ಮದ ಲೂಪಸ್‌ನ ಕೆಲವು ಬಗೆಗಳನ್ನು ಕೆರಳಿಸಬಲ್ಲವು. ನೀವಾಗಿಯೇ ಯಾವುದನ್ನೂ ನಿಲ್ಲಿಸಬೇಡಿ, ಬದಲಿ ಇದೆಯೇ ಎಂದು ಕೇಳಿ.

ಹೆಜ್ಜೆ 4: ಬೆಳಕನ್ನು ಅಳೆಯಲು ಕಲಿಯಿರಿ

ಬಿಸಿಲಿನ ಬಿಸಿಗೂ ಅತಿನೇರಳೆ ಕಿರಣಕ್ಕೂ ಸಂಬಂಧ ತೀರಾ ಸಡಿಲ. ತಂಪಾದ ಗಾಳಿ ಬೀಸುವ ದಿನವೂ ಕಿರಣ ತೀವ್ರವಾಗಿರಬಹುದು. ತೆಳುಮೋಡ ಅದರ ಶೇ. 80ರವರೆಗೆ ಕೆಳಗೆ ಬಿಡುತ್ತದೆ. ಸಮುದ್ರಮಟ್ಟದಿಂದ ಪ್ರತಿ 1,000 ಮೀಟರ್ ಮೇಲೆ ಹೋದಂತೆ ಸುಮಾರು ಶೇ. 10 ಹೆಚ್ಚುತ್ತದೆ. ಹೊಸ ಹಿಮ ಅದನ್ನು ಕೆಳಗಿನಿಂದ ಮುಖಕ್ಕೆ ಎರಚುತ್ತದೆ, ಮರಳೂ ಸ್ವಲ್ಪ ಎರಚುತ್ತದೆ. ಚರ್ಮಕ್ಕೆ ಸುಡುತ್ತಿಲ್ಲವೆಂದು ಧೈರ್ಯ ತಾಳಿದ ದಿನಗಳೇ ನನ್ನ ಪುಸ್ತಕದಲ್ಲಿ ಹೆಚ್ಚು ದುಬಾರಿಯಾದವು.

ಹವಾಮಾನ ವರದಿಯ ಯುವಿ, ಅಂದರೆ ಅತಿನೇರಳೆ ಕಿರಣದ ಸೂಚ್ಯಂಕವನ್ನು ದಿನಾ ನೋಡಿ. 3 ಮುಟ್ಟಿದರೆ ಯಾರಿಗಾದರೂ ರಕ್ಷಣೆ ಬೇಕು ಎನ್ನುತ್ತದೆ ವಿಶ್ವ ಆರೋಗ್ಯ ಸಂಸ್ಥೆ. ನಮ್ಮಂಥವರು 3ಕ್ಕಾಗಿ ಕಾಯದಿರುವುದೇ ಮೇಲು. ಮೊಬೈಲ್ ಕೈಯಲ್ಲಿಲ್ಲದಿದ್ದರೆ ನೆರಳನ್ನು ನೋಡಿ: ನಿಮ್ಮ ನೆರಳು ನಿಮಗಿಂತ ಗಿಡ್ಡವಾಗಿದ್ದರೆ ಸೂರ್ಯ ಎತ್ತರದಲ್ಲಿದ್ದಾನೆ, ಆ ಹೊತ್ತಿನ ಕೆಲಸವನ್ನು ಮುಂದೂಡಿ.

ಇನ್ನು ಗಾಜು. ನೆಲ ಮುಟ್ಟುವ ಅತಿನೇರಳೆ ಕಿರಣದಲ್ಲಿ ಯುವಿ-ಎ, ಯುವಿ-ಬಿ ಎಂದು ಎರಡು ಬಗೆ. ಕಿಟಕಿಯ ಸಾಮಾನ್ಯ ಗಾಜು ಯುವಿ-ಬಿ ಕಿರಣವನ್ನು ಬಹುಮಟ್ಟಿಗೆ ತಡೆಯುತ್ತದೆ, ಯುವಿ-ಎ ಕಿರಣವನ್ನು ಸಾಕಷ್ಟು ಒಳಗೆ ಬಿಡುತ್ತದೆ. ಚರ್ಮ ಸುಟ್ಟು ಕೆಂಪಾಗುವುದು ಮುಖ್ಯವಾಗಿ ಯುವಿ-ಬಿಯಿಂದ; ಹಾಗಾಗಿ ಗಾಜಿನ ಹಿಂದೆ ಕೂತವರಿಗೆ ಏನೂ ತಾಗುತ್ತಿಲ್ಲ ಅನ್ನಿಸುತ್ತದೆ. ಟ್ಯೂಮಿಡಸ್ ಕೆರಳಲು ಎರಡರಲ್ಲಿ ಯಾವುದಾದರೊಂದು ಸಾಕು. ಕಾರಿನ ಮುಂದಿನ ಗಾಜು ಪದರ ಕೂಡಿಸಿ ಮಾಡಿದ್ದರಿಂದ ಎರಡನ್ನೂ ಚೆನ್ನಾಗಿ ತಡೆಯುತ್ತದೆ, ಪಕ್ಕದ ಗಾಜುಗಳ ಗುಣ ಕಾರಿನಿಂದ ಕಾರಿಗೆ ಬೇರೆ. ಮೇಜನ್ನು ಸರಿಸಿ, ಪರದೆ ಹಾಕಿ, ಅಥವಾ ಯುವಿ ತಡೆಯುವ ಪಾರದರ್ಶಕ ಹಾಳೆ ಅಂಟಿಸಿ. ನಾನು ಮೇಜನ್ನು ಕೋಣೆಯ ಆ ಬದಿಗೆ ಸರಿಸಿದೆ, ಆ ವರ್ಷ ಬಲ ಕೆನ್ನೆ ಸುಮ್ಮನಿತ್ತು.

ದೀಪಗಳಲ್ಲಿ ಎಲ್‌ಇಡಿಯಿಂದ ಚಿಂತೆಯಿಲ್ಲ. ಮೇಲ್ಕವಚವಿಲ್ಲದ ಸುರುಳಿ ಸಿಎಫ್‌ಎಲ್ ಮತ್ತು ಹ್ಯಾಲೊಜೆನ್ ದೀಪಗಳನ್ನು ಮುಖದ ಹತ್ತಿರ ಇಟ್ಟುಕೊಳ್ಳಬೇಡಿ. ವೆಲ್ಡಿಂಗ್ ಕಿಡಿ, ಉಗುರುಬಣ್ಣ ಒಣಗಿಸುವ ಯುವಿ ದೀಪ, ಚರ್ಮ ಕಂದಾಗಿಸುವ ಯಂತ್ರ ಇವೆಲ್ಲ ದೂರವಿರಲಿ.

ಹೆಜ್ಜೆ 5: ಮೊದಲು ಬಟ್ಟೆ, ಆಮೇಲೆ ಸನ್‌ಸ್ಕ್ರೀನ್

ಬಟ್ಟೆ ಬೆವರಿಗೆ ಕರಗುವುದಿಲ್ಲ, ಎರಡು ಗಂಟೆಗೊಮ್ಮೆ ಮತ್ತೆ ಹಚ್ಚಬೇಕಿಲ್ಲ. ಒತ್ತಾದ ನೇಯ್ಗೆ, ಗಾಢ ಬಣ್ಣ, ಸಡಿಲ ಹೊಲಿಗೆ ಇರುವ ತುಂಬುತೋಳಿನ ಉಡುಪು ಆರಿಸಿ. ಬಟ್ಟೆಯನ್ನು ದೀಪಕ್ಕೆ ಹಿಡಿದು ನೋಡಿ, ಬೆಳಕು ಚುಕ್ಕಿಚುಕ್ಕಿಯಾಗಿ ಹಾದರೆ ಕಿರಣವೂ ಹಾಯುತ್ತದೆ. ಯುಪಿಎಫ್ 50 ಎಂದು ಬರೆದ ಬಟ್ಟೆ ಐವತ್ತರಲ್ಲಿ ಒಂದು ಪಾಲನ್ನಷ್ಟೇ ಒಳಗೆ ಬಿಡುತ್ತದೆ. ಟೊಪ್ಪಿಗೆಯ ಅಂಚು ಸುತ್ತಲೂ ಅಗಲವಾಗಿರಲಿ. ಮುಂದೆ ಮಾತ್ರ ಅಂಚಿರುವ ಟೊಪ್ಪಿಗೆ ಕಿವಿಯನ್ನೂ ಕತ್ತನ್ನೂ ಬಿಸಿಲಿಗೆ ಒಪ್ಪಿಸಿಬಿಡುತ್ತದೆ.

ಮುಖ, ಕತ್ತು, ಅಂಗೈ ಹಿಂಭಾಗಕ್ಕೆ ಸನ್‌ಸ್ಕ್ರೀನ್ ಬೇಕೇ ಬೇಕು. ಎಸ್‌ಪಿಎಫ್ 50 ಇರಲಿ. ಆದರೆ ಎಸ್‌ಪಿಎಫ್ ಅಂಕೆ ಮುಖ್ಯವಾಗಿ ಯುವಿ-ಬಿಯ ಲೆಕ್ಕ. ಯುವಿ-ಎ ರಕ್ಷಣೆಗಾಗಿ ವೃತ್ತದೊಳಗೆ ಯುವಿಎ ಎಂದು ಬರೆದ ಗುರುತನ್ನೋ ಪಿಎ ಪಕ್ಕದ ನಾಲ್ಕು ಕೂಡು ಚಿಹ್ನೆಗಳನ್ನೋ ಹುಡುಕಿ.

ಪ್ರಮಾಣದಲ್ಲೇ ಎಲ್ಲರೂ ಸೋಲುವುದು. ಪ್ರಯೋಗಾಲಯದಲ್ಲಿ ಎಸ್‌ಪಿಎಫ್ ಅಳೆಯುವಾಗ ಪ್ರತಿ ಚದರ ಸೆಂಟಿಮೀಟರಿಗೆ 2 ಮಿಲಿಗ್ರಾಂ ಹಚ್ಚುತ್ತಾರೆ. ಜನ ಸಾಮಾನ್ಯವಾಗಿ ಅದರ ಅರ್ಧವನ್ನೂ ಹಚ್ಚುವುದಿಲ್ಲ. ತೋರುಬೆರಳು ಮತ್ತು ನಡುಬೆರಳನ್ನು ಚಾಚಿ, ಬುಡದಿಂದ ತುದಿಯವರೆಗೆ ಎರಡು ದಪ್ಪ ಗೆರೆ ಹಿಂಡಿ. ಮುಖಕ್ಕೂ ಕತ್ತಿಗೂ ಸೇರಿ ಅಷ್ಟು ಬೇಕು. ಮೊದಲ ಸಲ ನೋಡಿದಾಗ ಕೈತಪ್ಪಿ ಹೆಚ್ಚಾಯಿತೇನೋ ಅನ್ನಿಸುತ್ತದೆ. ಒಂದೇ ಸಲ ಕೂರದಿದ್ದರೆ ಒಂದೊಂದು ಗೆರೆಯಂತೆ ಎರಡು ಸುತ್ತು ಹಚ್ಚಿ. 50 ಗ್ರಾಂ ಟ್ಯೂಬ್ ನಾಲ್ಕು ತಿಂಗಳು ಬಾಳಿಕೆ ಬರುತ್ತಿದ್ದರೆ ನೀವು ಹಚ್ಚುತ್ತಿರುವುದು ಸಾಲದು. ಹೊರಡುವ ಕಾಲು ಗಂಟೆ ಮೊದಲು ಹಚ್ಚಿ, ಹೊರಗಿರುವಾಗ ಎರಡು ಗಂಟೆಗೊಮ್ಮೆ, ಈಜಿದ ಮೇಲೆ, ಬೆವರು ಒರೆಸಿದ ಮೇಲೆ ಮತ್ತೆ ಹಚ್ಚಿ. ಕಿವಿಯ ಅಂಚು, ಕತ್ತಿನ ಹಿಂಭಾಗ, ಅಂಗಿಯ ಕೊರಳಿನ ತ್ರಿಕೋನ, ಈ ಮೂರನ್ನು ಕೈ ಮರೆಯುತ್ತದೆ.

ಬಿಸಿಲು ತಪ್ಪಿಸಿದವರಲ್ಲಿ ಡಿ ವಿಟಮಿನ್ ಕುಸಿಯುವುದು ಸಹಜ. ರಕ್ತದಲ್ಲಿ ಅಳೆಸಿ, ಕಡಿಮೆಯಿದ್ದರೆ ಮಾತ್ರೆಯಿಂದ ತುಂಬಿಸಿಕೊಳ್ಳಿ. ಅದಕ್ಕಾಗಿ ಬೆಳಗಿನ ಬಿಸಿಲು ಕಾಯಿರಿ ಎಂದು ಆಪ್ತರು ಪ್ರೀತಿಯಿಂದ ಹೇಳುತ್ತಾರೆ. ನಮಗೆ ಆ ಸಲಹೆ ಹೊಂದುವುದಿಲ್ಲವೆಂದು ಅಷ್ಟೇ ಪ್ರೀತಿಯಿಂದ ಹೇಳಿ.

ಹೆಜ್ಜೆ 6: ಔಷಧಿ

ಒಂದೆರಡು ಉಬ್ಬುಗಳಿದ್ದರೆ ಮುಲಾಮು ಸಾಕಾಗಬಹುದು. ಸ್ಟೀರಾಯ್ಡ್ ಮುಲಾಮು ಬೇಗ ಇಳಿಸುತ್ತದೆ, ಮುಖದ ಮೇಲೆ ಬಹುಕಾಲ ಹಚ್ಚಿದರೆ ಚರ್ಮ ತೆಳುವಾಗುತ್ತದೆ. ಹಾಗಾಗಿ ಮುಖಕ್ಕೆ ಟ್ಯಾಕ್ರೋಲಿಮಸ್‌ನಂಥ ಸ್ಟೀರಾಯ್ಡ್ ಅಲ್ಲದ ಮುಲಾಮನ್ನೂ ಬರೆಯುವುದುಂಟು. ಮೊದಲ ಕೆಲವು ದಿನ ಅದು ಉರಿಯುತ್ತದೆ, ಆಮೇಲೆ ಬಹುತೇಕರಿಗೆ ಉರಿ ತಗ್ಗುತ್ತದೆ.

ಉಬ್ಬುಗಳು ಹೆಚ್ಚಿದ್ದರೆ ಅಥವಾ ಮರುಕಳಿಸುತ್ತಿದ್ದರೆ ಹೈಡ್ರಾಕ್ಸಿಕ್ಲೋರೋಕ್ವಿನ್ ಮಾತ್ರೆ. ಇದು ಮಲೇರಿಯಾಕ್ಕೂ ಕೊಡುವ ಔಷಧಿ. ಮಲೇರಿಯಾ ಔಷಧಿಗಳಿಗೂ ಲೂಪಸ್‌ಗೂ ನಂಟು ಹಳೆಯದು. 1894ರಲ್ಲೇ ಲಂಡನ್ನಿನ ವೈದ್ಯ ಪೇನ್ ಲೂಪಸ್‌ಗೆ ಕ್ವಿನೈನ್ ಕೊಟ್ಟಿದ್ದರು. ಟ್ಯೂಮಿಡಸ್ ಈ ಮಾತ್ರೆಗೆ ಸಾಮಾನ್ಯವಾಗಿ ಚೆನ್ನಾಗಿ ಮಣಿಯುತ್ತದೆ, ಆದರೆ ಆತುರ ಪಡಬಾರದು. ಆರೇಳು ವಾರ ಏನೂ ಕಾಣದೆ ಇರಬಹುದು, ಪೂರ್ಣ ಪರಿಣಾಮಕ್ಕೆ ಮೂರು ತಿಂಗಳು ಹಿಡಿಯಬಹುದು. ಮೂರನೆಯ ವಾರ ನಾಟಲಿಲ್ಲವೆಂದು ಬಿಟ್ಟುಬಿಡುವವರು ಬಹಳ.

ದಿನದ ಪ್ರಮಾಣ ನಿಜವಾದ ತೂಕದ ಪ್ರತಿ ಕಿಲೋಗೆ 5 ಮಿಲಿಗ್ರಾಂ ಮೀರಬಾರದು. ಮಿತಿಯೊಳಗಿದ್ದರೆ ಮೊದಲ ಐದು ವರ್ಷದಲ್ಲಿ ಕಣ್ಣಿನ ಅಕ್ಷಿಪಟಲಕ್ಕೆ ಹಾನಿಯಾಗುವ ಸಾಧ್ಯತೆ ಶೇ. 1ಕ್ಕಿಂತ ಕಡಿಮೆ, ಇಪ್ಪತ್ತು ವರ್ಷದ ಮೇಲೆ ಅದು ಶೇ. 20ರ ಹತ್ತಿರ ಏರುತ್ತದೆ. 60 ಕಿಲೋ ತೂಕದವರಿಗೆ ಮಿತಿ 300 ಮಿಲಿಗ್ರಾಂ. 200 ಮಿಲಿಗ್ರಾಂ ಮಾತ್ರೆಯನ್ನು ಒಂದು ದಿನ ಒಂದು, ಮರುದಿನ ಎರಡು ಎಂದು ಬರೆದುಕೊಟ್ಟರೆ ಅದು ಈ ಲೆಕ್ಕ, ತಪ್ಪಾಗಿ ಬರೆದದ್ದಲ್ಲ. ಮೊದಲ ವರ್ಷದೊಳಗೆ ಒಮ್ಮೆ ಕಣ್ಣಿನ ಪರೀಕ್ಷೆ, ಐದು ವರ್ಷ ಕಳೆದ ಮೇಲೆ ವರ್ಷಕ್ಕೊಮ್ಮೆ ಅಕ್ಷಿಪಟಲದ ಪದರಗಳನ್ನು ತೋರಿಸುವ ಒಸಿಟಿ ಸ್ಕ್ಯಾನ್ ಮತ್ತು ದೃಷ್ಟಿಕ್ಷೇತ್ರ ಪರೀಕ್ಷೆ ಮಾಡಿಸಿ. ಮೂತ್ರಪಿಂಡದ ತೊಂದರೆ ಇರುವವರಿಗೆ, ಸ್ತನ ಕ್ಯಾನ್ಸರಿಗೆ ಕೊಡುವ ಟ್ಯಾಮಾಕ್ಸಿಫೆನ್ ತೆಗೆದುಕೊಳ್ಳುವವರಿಗೆ ಇನ್ನೂ ಬೇಗ ಬೇಕು. ಹೃದಯ ಬಡಿತದ ತೊಂದರೆ ಇದ್ದರೆ ಮೊದಲೇ ಹೇಳಿ. ಹೊಟ್ಟೆ ತೊಳೆಸಿದರೆ ಊಟದ ಜೊತೆ ನುಂಗಿ. ಮಾತ್ರೆಯ ಡಬ್ಬಿಯನ್ನು ಮಕ್ಕಳ ಕೈಗೆ ಎಟುಕದಂತೆ ಬೀಗದೊಳಗಿಡಿ. ಪುಟ್ಟ ಮಗುವಿಗೆ ಒಂದೆರಡು ಮಾತ್ರೆಯೂ ಪ್ರಾಣಾಪಾಯ.

ಈ ಮಾತ್ರೆ ಸಾಲದಿದ್ದರೆ ರೋಗನಿರೋಧಕ ವ್ಯವಸ್ಥೆಯನ್ನು ತಗ್ಗಿಸುವ ಮೆಥೊಟ್ರೆಕ್ಸೇಟ್ ಮುಂತಾದವು ಇವೆ. ಗರ್ಭಧಾರಣೆಯ ಯೋಚನೆ ಇದ್ದರೆ ಮೊದಲೇ ತಿಳಿಸಿ: ಹೈಡ್ರಾಕ್ಸಿಕ್ಲೋರೋಕ್ವಿನ್ ಸಾಮಾನ್ಯವಾಗಿ ಮುಂದುವರಿಸುತ್ತಾರೆ, ಮೆಥೊಟ್ರೆಕ್ಸೇಟ್ ಕೂಡದು.

ಸಿಗರೇಟು ಸೇದುವವರಲ್ಲಿ ಚರ್ಮದ ಲೂಪಸ್ ಹೆಚ್ಚು ಹಟಮಾರಿ, ಮಾತ್ರೆಯೂ ಕಡಿಮೆ ನಾಟುತ್ತದೆ. ಬಿಡಲು ನೆರವು ಕೇಳಿ.

ಹೆಜ್ಜೆ 7: ಯಾವಾಗ ತಡಮಾಡಬಾರದು

ಟ್ಯೂಮಿಡಸ್ ಇರುವವರಲ್ಲಿ ದೇಹದ ಒಳಗಿನ ಅಂಗಗಳಿಗೆ ಲೂಪಸ್ ಹಬ್ಬುವುದು ಅಪರೂಪ. ಆದರೂ ಬೆಳಿಗ್ಗೆ ಎದ್ದಾಗ ಬೆರಳುಗಳ ಕೀಲು ಊದಿ ಬಿಗಿದಿರುವುದು, ಬಾಯಲ್ಲಿ ಮತ್ತೆಮತ್ತೆ ಹುಣ್ಣು, ಕಾರಣವಿಲ್ಲದ ಜ್ವರ, ಮೂತ್ರದಲ್ಲಿ ನಿಲ್ಲದ ನೊರೆ, ಪಾದಗಳ ಊತ, ಉಸಿರೆಳೆದಾಗ ಎದೆನೋವು ಕಂಡರೆ ಮುಂದಿನ ಭೇಟಿಯ ತಾರೀಖಿಗೆ ಕಾಯಬೇಡಿ. ಆಗ ಸಂಧಿವಾತ ತಜ್ಞರೂ ನೋಡಬೇಕು. ಇವೇನೂ ಇಲ್ಲದಿದ್ದರೂ ವರ್ಷಕ್ಕೊಮ್ಮೆ ರಕ್ತ, ಮೂತ್ರ ಪರೀಕ್ಷೆ ಮಾಡಿಸುವ ಬಗ್ಗೆ ವೈದ್ಯರನ್ನು ಕೇಳಿ.

ಉಬ್ಬುಗಳು ಹೋದ ಮೇಲೆ

ಇದು ಬಂದುಹೋಗುವ ಕಾಯಿಲೆ. ತಿಂಗಳುಗಟ್ಟಲೆ ಚರ್ಮ ಶುಭ್ರವಾಗಿದ್ದರೆ ವೈದ್ಯರು ಮಾತ್ರೆ ಇಳಿಸುವ ಮಾತೆತ್ತಬಹುದು. ಬಿಸಿಲು ಕಡಿಮೆಯಿರುವ ಕಾಲದಲ್ಲಿ ಇಳಿಸಬಹುದೇ ಎಂದು ಕೇಳಿ. ಬೇಸಿಗೆಯ ಬಾಗಿಲಲ್ಲಿ ನಿಲ್ಲಿಸಿದರೆ ಎದ್ದ ಉಬ್ಬು ಮಾತ್ರೆ ಬಿಟ್ಟದ್ದಕ್ಕೋ ಬಿಸಿಲಿಗೋ ತಿಳಿಯುವುದಿಲ್ಲ. ಮಾತ್ರೆ ನಿಂತರೂ ಟೊಪ್ಪಿಗೆ, ತುಂಬುತೋಳು, ಎರಡು ಬೆರಳಿನ ಗೆರೆ ನಿಲ್ಲುವುದು ಬೇಡ. ಮಾತ್ರೆಯಿಲ್ಲದ ಮೊದಲ ಬೇಸಿಗೆಯಲ್ಲಿ ದಿನಚರಿಯ ಪುಸ್ತಕವನ್ನು ಮತ್ತೆ ತೆರೆದು, ಮೊದಲ ದಿನದಿಂದಲೇ ದಿನಕ್ಕೊಂದು ಸಾಲು ಬರೆಯಿರಿ.